ಗಾಯವಿಲ್ಲದವಳಿಗೆ ಎಣ್ಣೆ

ಮುಂಬಯಿ
೧೪-೬-೧೯೮೧

ಪ್ರೀತಿಯ ಹಾಲೂ,

ಅಕ್ಷರ ನೋಡಿ ಗುರುತು ಸಿಕ್ಕಿತಾ? ತರೀಕೆರೆ ಹೈಸ್ಕೂಲಿನಲ್ಲಿ ನಿನ್ನ ಪಕ್ಕ ಕೂತು ನಿನ್ನ ಬುತ್ತಿಯ ರೊಟ್ಟಿಯನ್ನೆಲ್ಲ ತಿಂದು ಮುಗಿಸುತ್ತಿದ್ದ ವನಮಾಲಾ. ನಿನ್ನ ಮದುವೆಗೆ ಬರಲಿಲ್ಲ ಅಂತ ಬೈದುಕೊಂಡಿರುತ್ತೀಯ. ಟೆಂಟ್ ಸಿನಿಮಾಕ್ಕೆ ಬೆಂಕಿ ಬಿದ್ದು ನಿನ್ನ ಯಜಮಾನರು ಲಕ್ಕಣ್ಣನವರ ಕೈ ಸುಟ್ಟಿತು ಅಂತ ಅಪ್ಪ ಬರೆದಾಗಲೂ ಒಂದು ಕಾರ್ಡು ಗೀಚಿ ಸುಮ್ಮನಾದೆ. ಏನು ಬರೆಯಬೇಕು ಅಂತ ನಿಜವಾಗಿ ತಿಳಿಯಲಿಲ್ಲ ಕಣೇ.

ಈಗ ಬರೆಯುವುದಕ್ಕೆ ಒಂದು ಕಾರಣ ಇದೆ. ನಾನು ಸಾಕ್ಷ್ಯಚಿತ್ರ ಮಾಡುವವಳಾಗಿದ್ದೇನೆ. ಹಾಡು, ಫೈಟು ಇಲ್ಲದ, ನಿಜವಾದ ಜನರ ಸಿನಿಮಾ. ಒಂದು ಆರೋಗ್ಯ ಸಂಸ್ಥೆಯವರು ಹೊಸ ಚಿತ್ರ ಒಪ್ಪಿಸಿದ್ದಾರೆ. ದೊಡ್ಡ ಆಘಾತವಾದ ಮೇಲೆ ಮನುಷ್ಯರು ಹೇಗೆ ಚೇತರಿಸಿಕೊಳ್ಳುತ್ತಾರೆ, ಡಾಕ್ಟರ ಔಷಧಿಯ ಜೊತೆಗೆ ಬೇರೆ ಏನೇನು ಅವರ ಕೈ ಹಿಡಿಯುತ್ತದೆ ಅನ್ನುವುದು ವಿಷಯ. ಎಣ್ಣೆ ನೀವುವುದು, ಉಸಿರಾಟದ ಅಭ್ಯಾಸ, ಹಾಡು, ಪ್ರಾಣಿಗಳ ಸಹವಾಸ ಹೀಗೆ. ಲಕ್ಕಣ್ಣನವರು ಎಮ್ಮೆದೊಡ್ಡಿ ಕಾವಲಿನ ಹುಲ್ಲುಬಯಲಿನಲ್ಲಿ ದನಗಳ ಜೊತೆ ಇದ್ದು ಮತ್ತೆ ಮಾತಾಡುವ ಹಾಗಾದರು ಅಂತ ಅಪ್ಪ ಬರೆದಿದ್ದಾರೆ. ಅವರನ್ನು ಚಿತ್ರದಲ್ಲಿ ತೋರಿಸಬಹುದೇ? ಬೇಡ ಅಂದರೆ ಬೇಡ. ನನ್ನ ಮೇಲಿನ ಸಿಟ್ಟಿಗೆ ಮಾತ್ರ ಬೇಡ ಅನ್ನಬೇಡ.

ನಿನ್ನ
ವನೂ


ಅಜ್ಜಂಪುರ
೯-೭-೧೯೮೧

ಲೇ ವನೂ,

ಬದುಕಿದೀಯ ಅಂತ ಗೊತ್ತಾಯ್ತು, ಸಂತೋಷ. ಸಿಟ್ಟೇನೂ ಇಲ್ಲ. ಇದ್ದಿದ್ರೂ ನಿನ್ ಕಾಗದ ನೋಡ್ತಾನೇ ಇಳ್ದೋಯ್ತು. ಆ ಕೊಕ್ಕರೆ ಕಾಲಿನಂಥಾ ಅಕ್ಷರ ಇನ್ನೂ ಹಂಗೇ ಇದೆಯಲ್ಲೇ!

ಇವರ ವಿಚಾರ ಮೊದಲಿಂದ ಹೇಳ್ತೀನಿ ಕೇಳು. ಎಪ್ಪತ್ತೊಂಬತ್ತರಲ್ಲಿ ಊರಾಚೆ ಟೆಂಟ್ ಹಾಕಿದ್ರು. ಹೊಲದ ಕೆಲಸ ಇರ್ಲಿಲ್ಲ, ಇವರು ಗೇಟಲ್ಲಿ ಟಿಕೆಟ್ ಹರಿಯೋಕೆ ಸೇರ್ಕೊಂಡ್ರು. ಒಂದಿನ ಸಂಜೆ ಮೊದಲನೇ ಆಟದಲ್ಲಿ ಬೆಂಕಿ ಹತ್ಕೊಂತು. ಎಲ್ಲಿಂದ ಹತ್ಕೊಂತೋ ಇವತ್ತಿಗೂ ಯಾರಿಗೂ ಗೊತ್ತಿಲ್ಲ. ಇವರು ಗೇಟ್ ಬಿಟ್ಟು ಓಡಿಹೋಗ್ಬೋದಾಗಿತ್ತು, ಹೋಗ್ಲಿಲ್ಲ. ಉರಿಯೋ ಬಟ್ಟೆನ ಕೈಯಲ್ಲೇ ಹರಿದು ದಾರಿ ಮಾಡಿ ಜನಾನ ಎಳ್ದು ಎಳ್ದು ಹೊರಗೆ ಹಾಕಿದ್ರು. ಆದ್ರೂ ಎಲ್ರೂ ಉಳೀಲಿಲ್ಲ.

ಆಮೇಲೆ ಕೈ ವಾಸಿ ಆಯ್ತು, ಮನುಷ್ಯ ವಾಸಿ ಆಗ್ಲಿಲ್ಲ. ಸೂರಿನ ಕೆಳಗೆ ಬರ್ತಿರ್ಲಿಲ್ಲ. ಮಾತಿಲ್ಲ. ಒಲೆ ಹಚ್ಚಿದ್ರೆ ಎದ್ದು ಹೊಲದ ಕಡೆ ನಡೆಯೋರು. ಕೊನೆಗೆ ಅವರ ಸೋದರಮಾವ ಈರಭದ್ರಪ್ಪ ಬಂದು, "ಇವನ್ನ ನಂಜೊತೆ ಕಾವಲಿಗೆ ಕಳ್ಸವ್ವ, ಅಲ್ಲಿ ಸೂರೇ ಇಲ್ಲ, ಹೆದರೋದು ಯಾತಕ್ಕೆ?" ಅಂತ ಕರ್ಕೊಂಡೋದ್ರು. ಅಮೃತಮಹಲ್ ದನ ಗೊತ್ತಲ್ಲ, ಹೊಸಬರು ಹತ್ರ ಬಂದ್ರೆ ಕೊಂಬು ತೋರಿಸ್ತಾವೆ. ಇವರು ಒಂದು ತಿಂಗಳು ದೂರ ಕೂತ್ಕೊಂಡು ಬರೀ ನೋಡ್ತಿದ್ರಂತೆ. ಆಮೇಲೆ ಒಂದು ಹಸು ತಾನೇ ಬಂದು ಮೂಸ್ತಂತೆ. ಅವತ್ತು ಇವರ ಬಾಯಿಂದ "ಹೋ" ಅಂತ ಬಂತಂತೆ. ಮಾವ ಅದನ್ನ ಹೇಳೋಕೆ ಬಸ್ಸು ಹತ್ಕೊಂಡು ಇಲ್ಲಿಗಂಟ ಬಂದಿದ್ರು!

ಬೆರಳು ಮಡಚ್ತಿರ್ಲಿಲ್ಲ. ನಮ್ಮ ಬೀದಿ ಅಂಬಮ್ಮ ಎಣ್ಣೆ ಹಚ್ಚಿ ನೀವಿ ನೀವಿ ಸಡ್ಲ ಮಾಡಿದ್ಲು. ಕಡೂರಿನ ಡಾಕ್ಟ್ರು ಅನಂತಪದ್ಮನಾಭ ಅವರು, "ಗಾಯ ಪೂರ್ತಿ ಒಣಗಿದೆ, ಹಚ್ಚಲಿ. ಆದರೆ ನಾನು ಹೇಳಿದ ಬೆರಳಿನ ವ್ಯಾಯಾಮ ತಪ್ಪಿಸಬೇಡಿ" ಅಂದ್ರು. ಎರಡೂ ಮಾಡಿದ್ವಿ. ಅಂತರಘಟ್ಟಮ್ಮಂಗೆ ಹರಕೆನೂ ಕಟ್ಟಿದ್ದೆ. ಯಾವುದರಿಂದ ಆಯ್ತು ಅಂತ ನನ್ನ ಕೇಳ್ಬೇಡ.

ಇವರನ್ನ ಕೇಳ್ದೆ. "ದನಾನ ತೆಗೀಲಿ, ನಾನು ಪಕ್ಕದಲ್ಲಿ ನಿಂತ್ಕಂತೀನಿ" ಅಂದ್ರು. ಒಪ್ಪಿದಂಗೇ ಅನ್ಕೋ. ಬೆಂಕಿ ಗಿಂಕಿ ಹಚ್ಚಿ ನಾಟಕ ಮಾಡಿಸ್ಬೇಡ, ಅಷ್ಟೇ.

ನನ್ನ ವಿಚಾರ ಏನಿದೆ? ಗುಂಡುಕಲ್ಲಿನಂಗೆ ಇದೀನಿ. ಇಲ್ಲೇ ಬಾಲವಾಡಿ ಟೀಚರ್ ಆಗಿದೀನಿ. ಮಕ್ಕಳು ನನ್ನ ಹಾಲಕ್ಕ ಅಂತಾರೆ. ಬಾ, ರೊಟ್ಟಿ ಮಾಡಿ ಹಾಕ್ತೀನಿ.

ಹಾಲಮ್ಮ


ಮುಂಬಯಿ
೨೨-೧೧-೧೯೮೧

ಪ್ರೀತಿಯ ಹಾಲೂ,

ಊರಿಂದ ಬಂದು ವಾರವಾಯಿತು, ಬಟ್ಟೆಯಿಂದ ಕಾವಲಿನ ಧೂಳು ಇನ್ನೂ ಹೋಗಿಲ್ಲ. ನಮ್ಮ ಕ್ಯಾಮೆರಾದವರು ಸಿಕ್ಕಿದವರಿಗೆಲ್ಲ ಆ ಹಸು ಅಟ್ಟಿಸಿಕೊಂಡು ಬಂದ ಕಥೆ ಹೇಳುತ್ತಿದ್ದಾರೆ. ಹೇಳಿದಷ್ಟು ಸಲ ಕೊಂಬು ಉದ್ದವಾಗುತ್ತಿದೆ.

ಮೊದಲ ದಿನ ನಾನು ಹೆದರಿದ್ದೆ. ಕ್ಯಾಮೆರಾ ಓಡುವಾಗ ಬರುವ ಕಿರಕಿರ ಸದ್ದು ಕೇಳುತ್ತಲೇ ಲಕ್ಕಣ್ಣನವರ ಮುಖ ಬಿಳಿಚಿಕೊಂಡಿತು. ಪ್ರೊಜೆಕ್ಟರಿನ ಸದ್ದೂ ಹಾಗೇ ಅಲ್ಲವೇ, ನನಗೆ ಮುಂಚೆ ಹೊಳೆಯಲೇ ಇಲ್ಲ. ನಿಲ್ಲಿಸಿ ಹೊರಟುಬಿಡೋಣ ಅಂದುಕೊಂಡೆ. ಅಷ್ಟರಲ್ಲಿ ಈರಭದ್ರಪ್ಪನವರು ಹೆಗಲ ಮೇಲಿನ ಕಂಬಳಿ ತೆಗೆದು, "ಅದಕ್ಕೂ ಚಳಿ ಆಗ್ತೈತೇನೋ, ಹೊದಿಸ್ರವ್ವ" ಅಂದರು. ಕಂಬಳಿ ಸುತ್ತಿದ ಮೇಲೆ ಸದ್ದು ಅಡಗಿತು. ಲಕ್ಕಣ್ಣನವರು ನಕ್ಕರು. ಆ ನಗು ಚಿತ್ರದಲ್ಲಿ ಇದೆ.

ಆಮೇಲೆ ನಾನು ಕೇಳಿದೆ ನೋಡು, "ಈ ದನಗಳ ಹತ್ತಿರ ನಿಮಗೆ ಯಾಕೆ ಸಮಾಧಾನ?" ಅಂತ. ಪಕ್ಕದ ಹಸುವಿನ ಬೆನ್ನು ಸವರುತ್ತ ಹೇಳಿದರು: "ಅವಕ್ಕೆ ನಾನು ಬೆಂಕಿ ಲಕ್ಕಣ್ಣ ಅಲ್ಲ. ಊರಲ್ಲಿ ಎಲ್ರೂ ಬಂದು ಕೈ ಮುಗೀತಾರೆ. ಇವು ಮುಗಿಯಲ್ಲ." ಎಷ್ಟು ಜನರನ್ನು ಸಂದರ್ಶನ ಮಾಡಿದ್ದೇನೆ, ಇಂಥ ಉತ್ತರ ಸಿಕ್ಕಿರಲಿಲ್ಲ.

ನಿನ್ನ ಬಾಲವಾಡಿಯ ದೃಶ್ಯವೂ ಸೊಗಸಾಗಿ ಬಂದಿದೆ. ಹೊಂಗೆ ಮರದ ಕೆಳಗೆ ಮಕ್ಕಳು, ಎಲೆ ಬಿಸಿಲು, ನಿನ್ನ ಹಾಡು. ನಾಲ್ಕು ಗೋಡೆ ಬಿಟ್ಟು ಬಯಲಲ್ಲಿ ಪಾಠ ಮಾಡುವ ನಿನ್ನ ಕ್ರಮ ನನಗೆ ತುಂಬ ಹಿಡಿಸಿತು. ಚಿತ್ರದ ಕೊನೆಗೆ ಅದನ್ನೇ ಇಡೋಣ ಅಂತಿದ್ದೇನೆ.

ರೊಟ್ಟಿಗೆ ಋಣಿ,
ವನೂ


ಅಜ್ಜಂಪುರ
೨೦-೧೨-೧೯೮೧

ವನೂ,

ನೀನು ಹೋದ್ಮೇಲೆ ಊರೆಲ್ಲ ನಿನ್ನದೇ ಮಾತು. ಅಂಬಮ್ಮ ಬಾಗ್ಲಲ್ಲಿ ನಿಂತ್ಕೊಂಡು, "ನನ್ ಕೈ ಬೊಂಬಾಯಿಗೆ ಹೋಗೈತೆ" ಅಂತಾಳೆ. ಎಣ್ಣೆ ಹಚ್ಚಿಸ್ಕೊಳ್ಳೋಕೆ ಬರೋರಿಗೆಲ್ಲ ಮೊದಲು ಆ ಕಥೆ ಹೇಳಿ ಆಮೇಲೆ ಕೈ ಹಾಕ್ತಾಳೆ.

ಇವರು ಚೆನ್ನಾಗಿದಾರೆ. ತಿಂಗಳಲ್ಲಿ ಅರ್ಧ ಕಾವಲು, ಅರ್ಧ ಮನೆ. ಮೊನ್ನೆ ಒಳಗೆ ಕೂತು ಊಟ ಮಾಡಿದ್ರು. ಮಾರನೇ ದಿನ ಪಕ್ಕದ ಮನೆಯೋರು ಬೀಡಿ ಹಚ್ಚಿದ್ದಕ್ಕೆ ಎದ್ದೋದ್ರು. ಒಂದು ಹೆಜ್ಜೆ ಮುಂದೆ, ಅರ್ಧ ಹೆಜ್ಜೆ ಹಿಂದೆ. ಅದಕ್ಕೇ ಕೇಳ್ತಿದೀನಿ ಕಣೇ, ನಿನ್ನ ಸಿನಿಮಾದಲ್ಲಿ "ಗುಣ ಆಯ್ತು" ಅಂತ ಹಾಕ್ತೀಯಾ? ಹಂಗೆ ಹಾಕಿದ್ರೆ ನೋಡಿದೋರು ಇವರ ಮುಂದೆ ಬೆಂಕಿಪೆಟ್ಟಿಗೆ ಗೀರಿ ಪರೀಕ್ಷೆ ಮಾಡ್ತಾರೆ. ನಮ್ಮ ಜನ ನಿಂಗೆ ಗೊತ್ತು.

ಮೇಲಿನ ಆಫೀಸಿನ ಮೇಡಂ ಬಂದಿದ್ರು ಬಾಲವಾಡಿ ನೋಡೋಕೆ. "ಸರ್ಕಾರ ಕಟ್ಟಡ ಕಟ್ಟಿಸಿಕೊಟ್ಟಿದೆ, ನೀವು ಮರದಡಿ ಯಾಕೆ ಕೂರಿಸ್ತೀರಿ? ಮಳೆ ಬಂದ್ರೂ ಮಕ್ಕಳು ಜಗಲಿ ಮೇಲೇ ಇದ್ವಂತೆ" ಅಂತ ಬರೆದುಕೊಂಡು ಹೋದ್ರು. ಒಳಗೆ ಸೆಖೆ ಅಂದೆ. ಡಿಸೆಂಬರಲ್ಲಿ ಸೆಖೆ! ನಂಗೇ ನಗು ಬಂತು.

ಹಾಲೂ


ಮುಂಬಯಿ
೬-೩-೧೯೮೨

ಹಾಲೂ,

ಎರಡು ತಿಂಗಳಿಂದ ಎಡಿಟಿಂಗ್ ಕೋಣೆಯಲ್ಲೇ ಇದ್ದೇನೆ. ಕಿರುಪರದೆಯ ಮೇಲೆ ಅದೇ ಚೂರುಗಳನ್ನು ಹಿಂದಕ್ಕೆ ಮುಂದಕ್ಕೆ ಓಡಿಸಿ ನೋಡುವುದು ನನ್ನ ಕೆಲಸ. ಒಂದು ವಿಷಯ ಬರೆಯಲೋ ಬೇಡವೋ ಅಂತ ಯೋಚಿಸಿ ಈಗ ಬರೆಯುತ್ತಿದ್ದೇನೆ.

ಲಕ್ಕಣ್ಣನವರನ್ನು ನೋಡುತ್ತ ನೋಡುತ್ತ ಒಂದು ದಿನ ನಾನು ನಿನ್ನನ್ನು ನೋಡಿದೆ. ಅಂಬಮ್ಮನ ಮನೆಯ ದೃಶ್ಯದಲ್ಲಿ ಲಕ್ಕಣ್ಣನವರು ಅಂಗಳದಲ್ಲಿದ್ದಾರೆ, ಉಳಿದವರೆಲ್ಲ ಒಳಗೆ ಚಾಪೆಯ ಮೇಲೆ ಕೂತಿದ್ದಾರೆ, ನೀನು ಹೊಸ್ತಿಲಲ್ಲಿ ನಿಂತಿದ್ದೀಯ. ಡಾಕ್ಟರ ಕೋಣೆಯಲ್ಲೂ ಬಾಗಿಲ ಹತ್ತಿರ. ನಾವು ದೀಪ ಹಾಕಿ ಕರಿಪರದೆ ಎಳೆದಾಗ ನೀನು ಹೊರಗೆ ನೀರು ತರಲು ಹೋದೆ. ಮೂರು ಸಲ ಪರದೆ ಎಳೆದೆವು, ಮೂರು ಸಲವೂ ನಿನಗೆ ನೀರು ನೆನಪಾಯಿತು. ಆ ಹೊಂಗೆ ಮರವನ್ನು ನಾನು ಎಷ್ಟು ಮೆಚ್ಚಿಕೊಂಡೆ! ಅದರ ಹಿಂದೆ ಬಾಲವಾಡಿಯ ಬಾಗಿಲಿಗೆ ಬೀಗ ಇದೆ. ಅದನ್ನು ಮೊನ್ನೆ ನೋಡಿದೆ.

ಲಕ್ಕಣ್ಣನವರ ಕಥೆಯನ್ನು ನೀನು ಮೊದಲಿಂದ ಬರೆದೆ. ಆದರೆ ಅದರಲ್ಲಿ ನೀನು ಎಲ್ಲೂ ಇಲ್ಲ.

ಹಾಲೂ, ಆ ಸಂಜೆ ನೀನು ಎಲ್ಲಿದ್ದೆ?

ವನೂ


ಮುಂಬಯಿ
೧೮-೬-೧೯೮೨

ಹಾಲೂ,

ಮೂರು ತಿಂಗಳಾಯಿತು, ಉತ್ತರ ಇಲ್ಲ. ಕ್ಯಾಮೆರಾ ಹಿಡಿದು ಹಿಡಿದು ಎಲ್ಲರ ಮನೆಯೊಳಗೆ ಇಣುಕುವ ಅಭ್ಯಾಸವಾಗಿಬಿಟ್ಟಿದೆ ನನಗೆ. ನಿನ್ನನ್ನು ನೋಯಿಸಿದ್ದರೆ ಆ ಕಾಗದ ಒಲೆಗೆ ಹಾಕು. ನಾನು ಕೇಳಲಿಲ್ಲ, ನೀನು ಓದಲಿಲ್ಲ.

ಚಿತ್ರ ನಿಂತಿದೆ. ಎಣ್ಣೆಯಿಂದ, ದನಗಳಿಂದ ಪೂರ್ತಿ ಗುಣವಾಯಿತು ಅಂತ ಹಿನ್ನೆಲೆಯಲ್ಲಿ ಹೇಳಿಸಬೇಕು, ಬೆಂಕಿಯನ್ನು ಒಂದು ಸೆಟ್‌ನಲ್ಲಿ ಮತ್ತೆ ತೋರಿಸಬೇಕು ಅಂತ ಸಂಸ್ಥೆಯವರು ಹಿಡಿದಿದ್ದಾರೆ. ಆಗುವುದಿಲ್ಲ ಅಂದಿದ್ದೇನೆ. ನೀನು ಹೇಳಿದ ಬೆಂಕಿಪೆಟ್ಟಿಗೆಯ ಮಾತನ್ನೇ ಅವರಿಗೂ ಹೇಳಿದೆ. ಏನಾಗುತ್ತದೋ ನೋಡೋಣ. ಚಿತ್ರ ಹೋದರೆ ಹೋಗಲಿ, ನೀನು ಒಂದು ಸಾಲು ಬರಿ.

ವನೂ


ಅಜ್ಜಂಪುರ
೧೧-೮-೧೯೮೨

ವನೂ,

ಒಲೆಗೆ ಹಾಕ್ಲಿಲ್ಲ. ಒಲೆ ಹತ್ರ ತಗೊಂಡು ಹೋಗಿ ವಾಪಸ್ ತಂದೆ.

ನಾನು ಒಳಗೇ ಇದ್ದೆ ಕಣೇ.

ಇವರು ಗೇಟಲ್ಲಿ, ನಾನು ಹೆಂಗಸರ ಕಡೆ ಮಣ್ಣಲ್ಲಿ ಕೂತಿದ್ದೆ. ಗೇಟಿನೋನ ಹೆಂಡ್ತಿ ಅಂತ ಮುಂದಕ್ಕೆ ಜಾಗ ಬಿಟ್ಟಿದ್ರು. ಮೊದಲು ಬೆಳಕು ಬಂದಾಗ ಸಿನಿಮಾದಲ್ಲೇ ಸೂರ್ಯ ಹುಟ್ತು ಅನ್ಕೊಂಡೆ. ಆಮೇಲೆ ಎಲ್ಲ ಒಟ್ಟಿಗೆ ಎದ್ರು. ನಾನು ಬಗ್ಗಿ ಬಟ್ಟೆ ಕೆಳಗೆ ನುಸುಳೋಕೆ ಹೋದೆ. ಹಿಂದಿಂದ ಯಾರೋ ನನ್ ಸೆರಗು ಹಿಡ್ಕೊಂಡ್ರು. ಬಿಗಿಯಾಗಿ. "ಬಿಡ್ಬೇಡಿ, ಹಂಗೇ ಬನ್ನಿ" ಅಂತ ಕಿರುಚಿದೆ. ಎಳ್ಕೊಂಡು ತೆವಳಿದೆ. ಹೊರಗೆ ಬಂದು ತಿರುಗಿ ನೋಡಿದ್ರೆ ಸೆರಗು ಇತ್ತು, ಕೈ ಇರ್ಲಿಲ್ಲ.

ಯಾರು ಅಂತ ಗೊತ್ತಿಲ್ಲ. ಹೆಂಗಸೋ, ಮಗುವೋ, ಬದುಕಿದ್ರೋ ಇಲ್ವೋ.

ನಂಗೆ ಒಂದು ಕೂದ್ಲು ಸುಟ್ಟಿಲ್ಲ ವನೂ. ಇವರನ್ನ ಆಸ್ಪತ್ರೆಗೆ ಹಾಕಿದ್ರು, ಜನ ಇವರನ್ನ ನೋಡೋಕೆ ಬಂದ್ರು. ನನ್ನ ಕಂಡು "ಪುಣ್ಯಾತ್ಗಿತ್ತಿ, ಏನೂ ಆಗ್ಲಿಲ್ವಲ್ಲ" ಅಂದ್ರು. ನಾನೂ ಹೂಂ ಅಂದೆ. ಇವರು ಮಾತು ಬಿಟ್ಟಾಗ ನಾನು ಎರಡು ಪಾಲು ಮಾತಾಡಿದೆ. ಯಾರಾದ್ರೂ ಒಬ್ರು ಗಟ್ಟಿ ಇರ್ಬೇಕಲ್ಲ. ಕತ್ತಲೆ ಕೋಣೆಲಿ ಇವತ್ತಿಗೂ ಯಾರೋ ಸೆರಗು ಹಿಡಿದಂಗಾಗುತ್ತೆ. ಅದಕ್ಕೇ ಬಾಗ್ಲು, ಅದಕ್ಕೇ ಹೊಂಗೆ ಮರ. ಸೆರಗನ್ನ ಸೊಂಟಕ್ಕೆ ಬಿಗಿದು ಸಿಕ್ಕಿಸ್ತೀನಿ ನೋಡು, ನೀನು ಅದನ್ನೂ "ಎಷ್ಟು ಚುರುಕಾಗಿದೀಯ" ಅಂದೆ.

ಅಂಬಮ್ಮಂಗೆ ಹೇಳ್ಬೇಕು ಅಂತ ಎಷ್ಟೋ ಸಲ ಅನ್ಸಿದೆ. ಇವರಿಗಾದ್ರೆ ಕೈ ಇತ್ತು, ತೋರಿಸಿದ್ರು. ಗಾಯ ಇಲ್ದೋಳು ಎಣ್ಣೆ ಎಲ್ಲಿಗೆ ಹಚ್ಚು ಅಂತ ಕೇಳ್ಲಿ?

ಇದನ್ನ ಸಿನಿಮಾಕ್ಕೆ ಹಾಕ್ಬೇಡ. ಬರೆದ ಮೇಲೆ ಊಟ ಮಾಡ್ಬೇಕು ಅನ್ನಿಸ್ತಿದೆ.

ಹಾಲೂ


ಮುಂಬಯಿ
೧೭-೮-೧೯೮೨

ನನ್ನ ಹಾಲೂ,

ಹೊರಡುತ್ತಿದ್ದೇನೆ. ಕ್ಯಾಮೆರಾ ತರುವುದಿಲ್ಲ. ಈ ಕಾಗದಕ್ಕಿಂತ ಮುಂಚೆ ನಾನೇ ಬಂದರೆ ಗಾಬರಿಯಾಗಬೇಡ. ಬೀರೂರಿನಲ್ಲಿ ರೈಲು ಇಳಿದು ಸಿಕ್ಕಿದ ಬಸ್ಸು ಹತ್ತುತ್ತೇನೆ. ಜಗಲಿಯ ಮೇಲೆ ನನಗೂ ಒಂದು ಚಾಪೆ ಹಾಕು.

ವನೂ


ಅಜ್ಜಂಪುರ
೧೬-೧-೧೯೮೩

ವನೂ,

ನೀನು ಹೋಗಿ ನಾಲ್ಕು ತಿಂಗಳ ಮೇಲಾಯ್ತು, ಈಗ ಕೂತು ಬರೀತಿದೀನಿ. ಎಳ್ಳು ಬೀರೋಕೆ ಬಂದೋರೆಲ್ಲ "ನಿನ್ ಗೆಳತಿ ಬರ್ಲಿಲ್ವಾ" ಅಂದ್ರು. ನೀನು ಏನೂ ಕೇಳ್ದೆ ಜಗಲಿ ಮೇಲೆ ಕಡ್ಲೆಕಾಯಿ ಸುಲೀತಾ ಕೂತಿದ್ದೆಯಲ್ಲ, ಅದೇ ಒಳ್ಳೇದಾಯ್ತು. ಕೇಳಿದ್ರೆ ನಾನು ನೀರು ತರೋಕೆ ಹೋಗ್ತಿದ್ದೆ!

ನೀನು ಹೊರಟ ಮಾರನೇ ದಿನ ಇವರಿಗೆ ಹೇಳ್ದೆ. ಸೆರಗಿನ ವಿಚಾರ. ಹಿತ್ತಲಲ್ಲಿ ಕೂತಿದ್ವಿ. ಇವರು ಎಲ್ಲ ಕೇಳಿ, "ನಂಗೆ ಗೊತ್ತಿತ್ತು ನೀನು ಮಲಗಲ್ಲ ಅಂತ" ಅಂದ್ರು. "ಮತ್ತೆ ಯಾಕೆ ಕೇಳ್ಲಿಲ್ಲ?" ಅಂದೆ. "ನನ್ನಿಂದ ನಿಂಗೆ ನಿದ್ದೆ ಇಲ್ಲ ಅನ್ಕೊಂಡಿದ್ದೆ. ಅದಕ್ಕೇ ಕಾವಲಲ್ಲಿ ಜಾಸ್ತಿ ದಿನ ಇರ್ತಿದ್ದೆ" ಅಂದ್ರು. ನೋಡೇ ಹೆಂಗಿದೆ! ಅವರು ನಂಗೋಸ್ಕರ ದೂರ ಹೋಗೋದು, ನಾನು ಅವರಿಗೆ ಕಾವಲೇ ಇಷ್ಟ ಅಂತ ಬುತ್ತಿ ಕಟ್ಟಿ ಕಳಿಸೋದು.

ಆಮೇಲೆ ಕೇಳ್ದೆ, "ಆ ಕೈ ಯಾರದ್ದಿರ್ಬೋದು? ನೀವು ಎಳ್ದು ಹಾಕಿದೋರಲ್ಲಿ ಒಬ್ರದ್ದಾ?" ಬೇರೆ ಯಾರಾದ್ರೂ ಆಗಿದ್ರೆ ಹೂಂ ಅಂದು ಸಮಾಧಾನ ಮಾಡೋರು. ಇವರು, "ಗೊತ್ತಿಲ್ಲ ಕಣೇ. ನನ್ ಕೈಯಿಂದ ಜಾರಿದೋರೂ ಯಾರು ಅಂತ ನಂಗೂ ಗೊತ್ತಿಲ್ಲ" ಅಂದ್ರು. ಇಬ್ರೂ ಅತ್ವಿ. ಮೂರು ವರ್ಷ ಆದ್ಮೇಲೆ, ಒಟ್ಟಿಗೆ.

ಅಂಬಮ್ಮನ ಹತ್ರನೂ ಹೋದೆ. ಏನೂ ಹೇಳಿರ್ಲಿಲ್ಲ. "ಎಲ್ಲಿ ನೋವು?" ಅಂದ್ಲು. "ಎಲ್ಲೂ ಇಲ್ಲ" ಅಂದೆ. ಅವಳು ನನ್ ಮುಖ ನೋಡಿ, "ಸರಿ, ಹಂಗಾದ್ರೆ ಪಾದದಿಂದ ಶುರು ಮಾಡಾಣ" ಅಂತ ಕಾಲು ಎಳ್ಕೊಂಡ್ಲು. ಬಾಗ್ಲು ತೆಗ್ದೇ ಇತ್ತು. ಬೊಂಬಾಯಿ ಕಥೆ ಇನ್ನೊಂದು ಸಲ ಹೇಳಿದ್ಲು. ಮಧ್ಯಾಹ್ನ ಅವಳ ಚಾಪೆ ಮೇಲೇ ನಿದ್ದೆ ಹೋಗ್ಬಿಟ್ಟೆ, ಎದ್ದಾಗ ಹೊತ್ತು ಮುಳುಗೋ ಹಂಗಾಗಿತ್ತು. ಡಾಕ್ಟ್ರ ಹತ್ರನೂ ತಿಂಗಳಿಗೊಂದು ಸಲ ಹೋಗ್ತೀನಿ. ಅವರು ಸ್ವಲ್ಪ ದಿನಕ್ಕೆ ಮಾತ್ರೆ ಕೊಟ್ರು, ಉಸಿರು ಎಳ್ದು ಬಿಡೋದು ಹೇಳ್ಕೊಟ್ರು. "ಇದು ನಿಮ್ಮ ಹೆದರಿಕೆ ಅಷ್ಟೇ ಅಲ್ಲ, ಇದಕ್ಕೂ ವಾಸಿ ಆಗೋಕೆ ಕಾಲ ಬೇಕು" ಅಂದ್ರು. ಅಷ್ಟು ಕೇಳಿದ್ದೇ ಸಾಕಾಯ್ತು ನಂಗೆ.

ಬಾಲವಾಡಿ ಬೀಗ ತೆಗ್ದೆ. ಕಿಟಕಿ ಎಲ್ಲ ತೆಗ್ದಿಟ್ಟು ಮಕ್ಕಳನ್ನ ಒಳಗೆ ಕೂರಿಸಿ ಹಾಡು ಹೇಳ್ಕೊಡ್ತೀನಿ. ಕೆಲವು ದಿನ ಆಗುತ್ತೆ, ಕೆಲವು ದಿನ ಮತ್ತೆ ಮರದಡಿಗೆ. ಮಕ್ಕಳು ಚಾಪೆ ಸುತ್ಕೊಂಡು ಒಳಗೂ ಹೊರಗೂ ಓಡೋದೇ ಒಂದು ಆಟ ಮಾಡ್ಕೊಂಡಿದಾವೆ.

ನಿನ್ನ ಸಿನಿಮಾ ಏನಾಯ್ತು? ಹೊಸ್ತಿಲಲ್ಲಿ ನಾನು ನಿಂತಿರೋದು ಇದೆ ಅಂದೆಯಲ್ಲ, ಅದನ್ನ ಬೇಕಾದ್ರೆ ಇಟ್ಕೊ. ಕಥೆ ಬೇಡ, ನಿಂತಿರೋದು ಇರ್ಲಿ.

ಹಾಲೂ


ಮುಂಬಯಿ
೧೦-೫-೧೯೮೩

ಪ್ರೀತಿಯ ಹಾಲೂ,

ಚಿತ್ರ ಮುಗಿಯಿತು! ಆ ಸಂಸ್ಥೆಯವರು ಕೊನೆಗೂ ಬೆಂಕಿಯ ದೃಶ್ಯದ ಹಟ ಬಿಟ್ಟರು. "ಪೂರ್ತಿ ಗುಣ" ಅನ್ನುವ ಸಾಲಿಗೆ ಮಾತ್ರ ಕೊನೆಯ ದಿನದವರೆಗೂ ಜಗಳ. ಒಬ್ಬರು ಕೇಳಿದರು, "ಗುಣವಾಗದಿದ್ದರೆ ಚಿತ್ರ ಯಾಕೆ?" ನಾನು ಹೇಳಿದೆ, "ಗುಣವಾಗುತ್ತಾ ಇರುವವರೂ ಊಟ ಮಾಡುತ್ತಾರೆ, ನಗುತ್ತಾರೆ, ಹಸುವಿಗೆ ಹೆಸರಿಡುತ್ತಾರೆ. ಅದಕ್ಕೇ." ಈಗ ಚಿತ್ರದಲ್ಲಿ ಇರುವ ಮಾತು ಇಷ್ಟೇ: ಲಕ್ಕಣ್ಣನವರು ಚೇತರಿಸಿಕೊಳ್ಳುತ್ತಿದ್ದಾರೆ.

ಇಲ್ಲಿ ಒಂದು ಸಣ್ಣ ಸಭಾಂಗಣದಲ್ಲಿ ತೋರಿಸಿದೆವು. ಮುಗಿದ ಮೇಲೆ ಬಿಳಿ ಸೀರೆಯ ಒಬ್ಬ ವಯಸ್ಸಾದ ಹೆಂಗಸು ನನ್ನ ಹತ್ತಿರ ಬಂದರು. ದೇಶ ಇಬ್ಭಾಗವಾದ ಗಲಭೆಯಲ್ಲಿ ಲಾಹೋರಿನಿಂದ ಓಡಿ ಬಂದವರಂತೆ. ದನಗಳ ಬಗ್ಗೆ ಕೇಳಲಿಲ್ಲ, ಎಣ್ಣೆಯ ಬಗ್ಗೆ ಕೇಳಲಿಲ್ಲ. "ಬಾಗಿಲಲ್ಲಿ ನಿಂತಿದ್ದಾಳಲ್ಲ, ಆ ಹುಡುಗಿ ಈಗ ಹೇಗಿದ್ದಾಳೆ?" ಅಂದರು. ನಾನು ಏನೂ ವಿವರಿಸಿರಲಿಲ್ಲ ಹಾಲೂ. "ನನ್ನ ಗೆಳತಿ. ಈಚೆಗೆ ಒಳಗೆ ಕೂರುತ್ತಾಳೆ" ಅಂದೆ. ಅವರು ನನ್ನ ಕೆನ್ನೆ ಸವರಿ ಹೋದರು.

ನಿನ್ನನ್ನು ಹುಡುಗಿ ಅಂದರು, ಗಮನಿಸು. ಉಬ್ಬಿ ಹೋಗಬೇಡ.

ವನೂ


ಅಜ್ಜಂಪುರ
೪-೧೦-೧೯೮೩

ಲೇ ವನೂ,

ಹುಡುಗಿ ಅಂದಿದ್ದನ್ನ ಇವರಿಗೆ ಓದಿ ಹೇಳ್ದೆ. "ಆವಮ್ಮಂಗೆ ಕಣ್ಣು ಮಂಜಾಗಿರ್ಬೇಕು" ಅಂದ್ರು. ಮಾತು ವಾಪಸ್ ಬಂದಿದ್ದು ಸ್ವಲ್ಪ ಜಾಸ್ತಿನೇ ಆಯ್ತು ಅನ್ಸುತ್ತೆ.

ಈಗ ಕೇಳು. ಭಾನುವಾರ ತರೀಕೆರೆಗೆ ಹೋಗಿದ್ವಿ, ನಿಮ್ಮಪ್ಪನ್ನ ನೋಡ್ಕೊಂಡು ಬರೋಕೆ. ರಾಮಸ್ವಾಮಿ ಮೇಷ್ಟ್ರು ಗಟ್ಟಿಮುಟ್ಟಾಗಿದಾರೆ, ಇವತ್ತಿಗೂ ನನ್ನ ವ್ಯಾಕರಣ ತಿದ್ದಿದ್ರು. ಅಲ್ಲಿಂದ ಬಸ್ ಸ್ಟ್ಯಾಂಡಿಗೆ ಬರ್ತಾ ಥಿಯೇಟರ್ ಮುಂದೆ ಹಾದ್ವಿ. ಮಧ್ಯಾಹ್ನದ ಆಟಕ್ಕೆ ಗಂಟೆ ಹೊಡೀತಿದ್ರು. ಇಬ್ರೂ ನಿಂತ್ವಿ. ನಾನು ಇವರ ಮುಖ ನೋಡ್ದೆ, ಇವರು ನನ್ ಮುಖ ನೋಡಿದ್ರು.

"ಹೋಗಾಣ್ವಾ?" ಅಂದ್ರು.

"ನಿಮಗೆ?" ಅಂದೆ.

"ನೀನು ಕೂತ್ರೆ ಕೂರ್ತೀನಿ."

ಗೇಟಲ್ಲಿ ಟಿಕೆಟ್ ಹರೀತಿದ್ದೋನ ಹತ್ರ ಇವರೇ ಮಾತಾಡಿದ್ರು. "ನಂದೂ ಇದೇ ಕೆಲಸ ಆಗಿತ್ತು ಕಣಪ್ಪಾ. ನಮ್ಮನೆಯೋಳು ಮಧ್ಯ ಎದ್ದು ಬಂದ್ರೂ ಬರ್ಬೋದು, ಬಾಗ್ಲು ಹಾಕ್ಬೇಡ." ಅವನು ಇವರ ಕೈ ನೋಡ್ದ. "ತೆಗ್ದೇ ಇರುತ್ತೆ ಅಣ್ಣಾ, ನಾನು ಇಲ್ಲೇ ನಿಂತಿರ್ತೀನಿ" ಅಂದ.

ಕೊನೇ ಸಾಲು, ಬಾಗ್ಲ ಪಕ್ಕ ಕೂತ್ವಿ. ದೀಪ ಆರ್ತು. ಡಾಕ್ಟ್ರು ಹೇಳಿದಂಗೆ ಉಸಿರು ಎಳ್ದೆ. ಪಕ್ಕದಲ್ಲಿ ಇವರೂ ಜೋರಾಗಿ ಉಸಿರು ಎಳೀತಿದ್ರು. ಮುಂದಿನ ಸೀಟಿನೋರು ತಿರುಗಿ ನೋಡಿದ್ರು, ಯಾರಪ್ಪ ಇವರು ಗೊರಕೆ ಹೊಡೆಯೋರು ಅಂತ. ನಂಗೆ ನಗು ತಡೆಯೋಕಾಗ್ಲಿಲ್ಲ. ನಗ್ತಾ ನಗ್ತಾನೇ ಪರದೆ ಮೇಲೆ ಕಥೆ ಶುರುವಾಗಿತ್ತು. ಒಂದು ಬಡವರ ಮನೆ ಹುಡುಗಿ, ಅವಳಿಗೆ ಇಬ್ರು ಅಣ್ಣಂದಿರು, ಒಬ್ಬ ಒಳ್ಳೆಯೋನು, ಇನ್ನೊಬ್ಬ ಕುಡುಕ.

ಇಂಟರ್ವಲ್‌ವರೆಗೂ ಕೂತಿದ್ದೆ ಕಣೇ!

ದೀಪ ಹತ್ತಿದ್ಮೇಲೆ ಹೊರಗೆ ಬಂದು ಮಂಡಕ್ಕಿ ಮೆಣಸಿನಕಾಯಿ ತಿಂದ್ವಿ. ಇವರು, "ಒಳಕ್ಕೆ ಹೋಗಾಣ್ವಾ?" ಅಂದ್ರು. "ಇವತ್ತಿಗೆ ಸಾಕು" ಅಂದೆ. "ನಂಗೂ ಸಾಕು" ಅಂದ್ರು. ಗೇಟಿನೋನು ಕೈ ಎತ್ತಿ ಕಳಿಸ್ಕೊಟ್ಟ.

ಬಸ್ಸಲ್ಲಿ ದಾರಿಯುದ್ದಕ್ಕೂ ಜಗಳ ನಮಗೆ. ಆ ಹುಡುಗಿ ಕುಡುಕ ಅಣ್ಣನ್ನ ಬಿಟ್ಟು ಹೋಗ್ತಾಳೆ ಅಂತ ಇವರು, ಇಲ್ಲ ಅವನೇ ಸರಿಹೋಗ್ತಾನೆ ಅಂತ ನಾನು. ಪಕ್ಕದಲ್ಲಿ ಕೂತಿದ್ದೋರೊಬ್ರು, "ನಾನು ನೋಡಿದೀನಿ, ಹೇಳ್ಲಾ?" ಅಂದ್ರು. ಇಬ್ರೂ ಒಟ್ಟಿಗೆ ಬೇಡ ಅಂದ್ವಿ.

ನಿನ್ನ ಬೊಂಬಾಯಲ್ಲಿ ಕನ್ನಡ ಸಿನಿಮಾ ಬರುತ್ತೋ ಇಲ್ವೋ. ಬಂದ್ರೆ ನೀನೂ ನೋಡು, ಆದ್ರೆ ಕೊನೆಗೆ ಏನಾಯ್ತು ಅಂತ ಮಾತ್ರ ಬರೀಬೇಡ ಕಣೇ. ಉಳಿದ ಅರ್ಧ ನಾವೇ ಹೋಗಿ ನೋಡ್ತೀವಿ.

ನಿನ್ನ ಹಾಲೂ